ಲಿಲಿಯಾನ್ ತುರಾಮ್: ಪದೇ ಪದೇ ಕೇಳುವ ಪ್ರಶ್ನೆಗಳು

ಈಗ ಇಟಲಿಯಲ್ಲಿ ಆಡುತ್ತಿರುವ ತುರಾಮ್ ಬಗ್ಗೆಯೇ ಹೇಳುತ್ತಿರುವುದು?

ಅಲ್ಲ, ಅವರ ತಂದೆಯ ಬಗ್ಗೆ. ಲಿಲಿಯಾನ್ ತುರಾಮ್ 1998ರಲ್ಲಿ ವಿಶ್ವಕಪ್ ಗೆದ್ದ ಫ್ರಾನ್ಸ್ ತಂಡದ ಬಲಬದಿಯ ಡಿಫೆಂಡರ್. ದೇಶಕ್ಕಾಗಿ 142 ಪಂದ್ಯ ಆಡಿದವರು, 2008ರಲ್ಲಿ ನಿವೃತ್ತರಾದವರು. ಅಂದಿನಿಂದ ಇಂದಿನವರೆಗೆ ಜನಾಂಗೀಯ ತಾರತಮ್ಯದ ವಿರುದ್ಧ ಶಾಲೆಗಳಲ್ಲಿ, ಸಭೆಗಳಲ್ಲಿ, ಪುಸ್ತಕಗಳಲ್ಲಿ ಮಾತನಾಡುತ್ತಲೇ ಬಂದಿದ್ದಾರೆ. ಫುಟ್‌ಬಾಲ್ ನೋಡುವವರಿಗೆ ಅವರು ಎರಡು ಗೋಲುಗಳ ನೆನಪು. ಆದರೆ ಅವರ ದೊಡ್ಡತನ ಇರುವುದು ಅವರು ಗೋಲು ಹೊಡೆಯದ ನೂರಾರು ಪಂದ್ಯಗಳಲ್ಲಿ ಎಂಬುದು ನನ್ನ ದೃಢ ನಂಬಿಕೆ. ಮುಂದಿನ ಉತ್ತರಗಳನ್ನು ಆ ದೃಷ್ಟಿಯಿಂದಲೇ ಬರೆದಿದ್ದೇನೆ.

ಅವರು ಹುಟ್ಟಿದ್ದು ಫ್ರಾನ್ಸ್‌ನಲ್ಲಿಯೇ?

1972ರ ಜನವರಿ 1ರಂದು ಗ್ವಾಡೆಲೋಪ್ ದ್ವೀಪದಲ್ಲಿ. ಕೆರಿಬಿಯನ್ ಸಮುದ್ರದ ಈ ದ್ವೀಪ ಆಡಳಿತದ ದೃಷ್ಟಿಯಿಂದ ಫ್ರಾನ್ಸ್‌ನದೇ ಭಾಗ, ಅಲ್ಲಿ ಹುಟ್ಟಿದವರು ಹುಟ್ಟಿನಿಂದಲೇ ಫ್ರೆಂಚ್ ಪ್ರಜೆಗಳು. ಐದು ಮಕ್ಕಳನ್ನು ಒಬ್ಬರೇ ಸಾಕಿದ ತಾಯಿ ಮೊದಲು ದುಡಿಮೆ ಹುಡುಕಿಕೊಂಡು ಪ್ಯಾರಿಸ್ ಕಡೆಗೆ ಹೋದರು. ಮಕ್ಕಳನ್ನು ಆಮೇಲೆ ಕರೆಸಿಕೊಂಡರು. ಆಗ ಲಿಲಿಯಾನ್‌ಗೆ ಒಂಬತ್ತು ವರ್ಷ. ಫಾಂಟೆನ್‌ಬ್ಲೋ ಪಕ್ಕದ ಆವೋಂ ಎಂಬ ಊರಿನ ವಸತಿ ಸಮುಚ್ಚಯವೊಂದರಲ್ಲಿ ಬೆಳೆದರು.

ಹೊಸ ಶಾಲೆಯಲ್ಲಿ ಸಹಪಾಠಿಗಳು ಅವರನ್ನು ಟಿವಿಯ ಕಾರ್ಟೂನ್‌ನಲ್ಲಿ ಬರುತ್ತಿದ್ದ ಪೆದ್ದು ಕಪ್ಪು ಹಸುವಿನ ಹೆಸರಿನಿಂದ ಕರೆದು ರೇಗಿಸುತ್ತಿದ್ದರು. ಮನೆಗೆ ಬಂದು ತಾಯಿಯನ್ನು ಕಾರಣ ಕೇಳಿದರೆ, ಜನ ಇರುವುದೇ ಹಾಗೆ, ಅದು ಬದಲಾಗುವುದಿಲ್ಲ ಎಂಬ ಅರ್ಥದ ಉತ್ತರ ಬಂತು. ಆ ಉತ್ತರ ತನಗೆ ಸಮಾಧಾನ ಕೊಡಲಿಲ್ಲ, ಕಾರಣ ಹುಡುಕುವ ಹಟ ಅಲ್ಲಿಂದಲೇ ಹತ್ತಿತು ಎಂದು ತುರಾಮ್ ಮತ್ತೆ ಮತ್ತೆ ಹೇಳಿದ್ದಾರೆ. ಗ್ವಾಡೆಲೋಪ್‌ನಲ್ಲಿ ಇದ್ದಷ್ಟು ದಿನ ಅವರು ಬರೀ ಹುಡುಗ. ಪ್ಯಾರಿಸ್‌ಗೆ ಬಂದ ಮೇಲೆ ‘ಕಪ್ಪು ಹುಡುಗ’ ಆದರು.

ವೃತ್ತಿಪರ ಆಟ ಶುರುವಾದದ್ದು ಎಲ್ಲಿ?

ಫಾಂಟೆನ್‌ಬ್ಲೋದಲ್ಲಿ ಪೋರ್ಚುಗೀಸ್ ವಲಸಿಗರು ಕಟ್ಟಿಕೊಂಡಿದ್ದ ಸಣ್ಣ ಕ್ಲಬ್, ನಂತರ ಮೆಲೂಂ, ಅಲ್ಲಿಂದ 1990ರಲ್ಲಿ ಮೊನಾಕೊ. ಮೊನಾಕೊದಲ್ಲಿ ಕೋಚ್ ಆಗಿದ್ದವರು ಆರ್ಸೆನ್ ವೆಂಗರ್. ಹದಿಹರೆಯದಲ್ಲಿ ಮಿಡ್‌ಫೀಲ್ಡ್‌ನಲ್ಲಿ ಆಡುತ್ತಿದ್ದ ಹುಡುಗ ಪಕ್ಕಾ ಡಿಫೆಂಡರ್ ಆಗಿ ಮಾಗಿದ್ದು ಅಲ್ಲಿಯೇ. 1991ರಲ್ಲಿ ಮೊನಾಕೊ ಫ್ರೆಂಚ್ ಕಪ್ ಗೆದ್ದಿತು. 1992ರಲ್ಲಿ ಯುರೋಪಿನ ಕಪ್ ವಿನ್ನರ್ಸ್ ಕಪ್ ಫೈನಲ್ ತಲುಪಿ ವೆರ್ಡರ್ ಬ್ರೆಮೆನ್ ಎದುರು ಸೋತಿತು.

ರಾಷ್ಟ್ರೀಯ ತಂಡಕ್ಕೆ ಬಂದದ್ದು ಯಾವಾಗ?

1994ರ ಆಗಸ್ಟ್ 17ರಂದು, ಬೋರ್ಡೊದಲ್ಲಿ ಚೆಕ್ ಗಣರಾಜ್ಯದ ಎದುರು. ಅದೇ ಪಂದ್ಯದಲ್ಲಿ ಜಿನೆದಿನ್ ಜಿದಾನ್ ಕೂಡ ಫ್ರಾನ್ಸ್ ಪರ ಮೊದಲ ಬಾರಿಗೆ ಆಡಿದರು. ಬದಲಿ ಆಟಗಾರನಾಗಿ ಬಂದು ಎರಡು ಗೋಲು ಹೊಡೆದು, 0–2 ಹಿಂದಿದ್ದ ಪಂದ್ಯವನ್ನು 2–2ಕ್ಕೆ ತಂದರು. ಹಾಗಾಗಿ ಆ ದಿನದ ಸುದ್ದಿಯೆಲ್ಲ ಜಿದಾನ್ ಅವರದೇ ಆಯಿತು. ಒಂದು ಯುಗದ ಇಬ್ಬರು ಒಂದೇ ಸಂಜೆ ಬಂದರು ಎಂಬುದು ಎಷ್ಟೋ ಜನರಿಗೆ ಇಂದಿಗೂ ತಿಳಿದಿಲ್ಲ.

ಅವರು ರೈಟ್ ಬ್ಯಾಕ್ ಆಗಿದ್ದರೇ, ಸೆಂಟರ್ ಬ್ಯಾಕ್ ಆಗಿದ್ದರೇ?

ಎರಡೂ, ಅಂದರೆ ರಕ್ಷಣಾ ಸಾಲಿನ ಬಲಬದಿಯಲ್ಲೂ ಆಡಿದರು, ಮಧ್ಯದಲ್ಲೂ ಆಡಿದರು. ಎರಡೂ ಕಡೆ ವಿಶ್ವದ ಅತ್ಯುತ್ತಮರ ಸಾಲಿನಲ್ಲಿ ನಿಂತವರು ತೀರಾ ಕಡಿಮೆ. ಫ್ರಾನ್ಸ್ ಪರ ತಮ್ಮ ಉತ್ತುಂಗದ ವರ್ಷಗಳಲ್ಲಿ ಅವರು ಬಲಬದಿಯಲ್ಲಿ ಆಡಿದರು, ಏಕೆಂದರೆ ಮಧ್ಯದಲ್ಲಿ ಲೊರಾಂ ಬ್ಲಾಂ ಮತ್ತು ಮಾರ್ಸೆಲ್ ದೆಸೈ ಇದ್ದರು. ಇಟಲಿಯ ಪಾರ್ಮಾ ಕ್ಲಬ್‌ನಲ್ಲಿ ಮೂವರು ಡಿಫೆಂಡರ್‌ಗಳ ಸಾಲಿನಲ್ಲಿ, ವೃತ್ತಿಯ ಕೊನೆಯ ವರ್ಷಗಳಲ್ಲಿ ಫ್ರಾನ್ಸ್‌ಗೂ ಕ್ಲಬ್‌ಗಳಿಗೂ ಮಧ್ಯದಲ್ಲಿ ಆಡಿದರು. ಅವರ ಸ್ವಂತ ಒಲವು ಮಧ್ಯದ ಕಡೆಗೇ ಇತ್ತು.

ಅವರ ಆಟದ ಗುಟ್ಟು ಕಾಲಿನಲ್ಲಿದ್ದಷ್ಟೇ ಕಣ್ಣಿನಲ್ಲೂ ಇತ್ತು. ವೇಗ ಇತ್ತು, ಗಟ್ಟಿ ಮೈಕಟ್ಟು ಇತ್ತು, ಗಾಳಿಯ ಚೆಂಡಿಗೆ ಜಿಗಿಯುವ ಶಕ್ತಿ ಇತ್ತು. ಆದರೆ ಹಳೆಯ ಪಂದ್ಯಗಳನ್ನು ಹಾಕಿಕೊಂಡು ಚೆಂಡನ್ನು ಬಿಟ್ಟು ಅವರನ್ನೇ ನೋಡುತ್ತಾ ಕುಳಿತರೆ ಬೇರೆಯದೇ ಕಾಣುತ್ತದೆ. ಎದುರಾಳಿಗೆ ಪಾಸ್ ಬರುವ ಮೊದಲೇ ಎರಡು ಹೆಜ್ಜೆ ಸರಿದು ನಿಂತಿರುತ್ತಾರೆ. ಮೈದಾನದ ಅಂಚಿನಲ್ಲಿ ದಾಳಿ ಮಾಡುವ ವಿಂಗರ್ ಚೆಂಡನ್ನು ಹಿಡಿದು ತಿರುಗುವಷ್ಟರಲ್ಲಿ ಅವನ ಮುಂದೆ ಬಯಲು ಇರುವುದಿಲ್ಲ, ತುರಾಮ್ ಇರುತ್ತಾರೆ. ನೆಲಕ್ಕೆ ಜಾರಿ ಚೆಂಡು ಕಸಿಯುವ ಟ್ಯಾಕಲ್ ಪ್ರೇಕ್ಷಕರಿಗೆ ರೋಮಾಂಚನ ತರುತ್ತದೆ, ನಿಜ. ಆದರೆ ಅದರ ಅಗತ್ಯವೇ ಬೀಳದಂತೆ ಮೊದಲೇ ಜಾಗ ಹಿಡಿಯುವುದು ಇನ್ನೂ ಕಷ್ಟದ ವಿದ್ಯೆ. ಚಪ್ಪಾಳೆ ಸಿಗದ ಆ ವಿದ್ಯೆಯಲ್ಲಿ ಅವರನ್ನು ಮೀರಿಸಿದವರನ್ನು ನಾನು ಕಂಡಿಲ್ಲ.

1998ರ ಸೆಮಿಫೈನಲ್‌ನಲ್ಲಿ ನಿಜವಾಗಿ ಏನಾಯಿತು?

ಜುಲೈ 8, ಸ್ತಾದ್ ದ ಫ್ರಾನ್ಸ್, ಎದುರಾಳಿ ಕ್ರೊವೇಶಿಯಾ. ಭಾರತದಲ್ಲಿ ಆಗ ಮಧ್ಯರಾತ್ರಿ ಕಳೆದು ಹನ್ನೆರಡೂವರೆ. ನಿದ್ದೆಗೆಟ್ಟು ಕುಳಿತವರಿಗೆ ಮೊದಲಾರ್ಧದಲ್ಲಿ ಒಂದು ಗೋಲೂ ಸಿಗಲಿಲ್ಲ.

ವಿರಾಮ ಮುಗಿದು ಆಟ ಶುರುವಾಗುತ್ತಿದ್ದಂತೆ ಕ್ರೊವೇಶಿಯಾದ ಡಾವರ್ ಶುಕರ್ ಗೋಲು ಹೊಡೆದರು. ಫ್ರಾನ್ಸ್‌ನ ಉಳಿದ ಡಿಫೆಂಡರ್‌ಗಳು ಶುಕರ್ ಅವರನ್ನು ಆಫ್‌ಸೈಡ್‌ಗೆ (ಡಿಫೆಂಡರ್‌ಗಳ ಸಾಲನ್ನು ದಾಟಿ ನಿಂತು ಪಾಸ್ ಪಡೆಯುವ ತಪ್ಪಿಗೆ) ಸಿಕ್ಕಿಸಲು ಮುಂದೆ ಸರಿದಿದ್ದರು. ತುರಾಮ್ ಒಬ್ಬರು ಹಿಂದೆ ಉಳಿದುಬಿಟ್ಟಿದ್ದರಿಂದ ಶುಕರ್ ಅದಕ್ಕೆ ಸಿಕ್ಕಲಿಲ್ಲ. ತಪ್ಪು ಅವರದೇ ಎಂಬುದು ಮೈದಾನದಲ್ಲಿದ್ದ ಎಲ್ಲರಿಗೂ ಗೊತ್ತಿತ್ತು, ಅವರಿಗಂತೂ ಚೆನ್ನಾಗಿಯೇ ಗೊತ್ತಿತ್ತು.

ಒಂದೇ ನಿಮಿಷ. ಕ್ರೊವೇಶಿಯಾದ ಪೆನಾಲ್ಟಿ ಪ್ರದೇಶದ ಅಂಚಿನಲ್ಲಿ ನಾಯಕ ಜ್ವೊನಿಮಿರ್ ಬೊಬನ್ ಚೆಂಡಿನೊಂದಿಗೆ ಕೊಂಚ ತಡಮಾಡಿದರು. ರೈಟ್ ಬ್ಯಾಕ್ ಇರಲೇಬಾರದ ಆ ಜಾಗದಲ್ಲಿ ತುರಾಮ್ ಇದ್ದರು. ಚೆಂಡು ಕಸಿದು, ಸಹ ಆಟಗಾರ ಯೂರಿ ಜೊರ್ಕಾಯೆಫ್‌ಗೆ ಕೊಟ್ಟು, ಮರಳಿ ಪಡೆದು, ಗೋಲಿಗೆ ಹೊಡೆದರು. 1–1. ಎಪ್ಪತ್ತನೇ ನಿಮಿಷದಲ್ಲಿ ಮತ್ತೊಮ್ಮೆ ಮುನ್ನುಗ್ಗಿ, ಈ ಬಾರಿ ಪೆನಾಲ್ಟಿ ಪ್ರದೇಶದ ಹೊರಗಿನಿಂದ, ಅದೂ ತಮ್ಮ ದುರ್ಬಲ ಕಾಲಾದ ಎಡಗಾಲಿನಿಂದ ಹೊಡೆದ ಚೆಂಡು ದೂರದ ಮೂಲೆಗೆ ಹೋಗಿ ಬಿತ್ತು. 2–1.

ಆಗ ಅವರು ಓಡಲಿಲ್ಲ, ಕುಣಿಯಲಿಲ್ಲ. ಹುಲ್ಲಿನ ಮೇಲೆ ಮಂಡಿಯೂರಿ, ತುಟಿಯ ಮೇಲೆ ಬೆರಳಿಟ್ಟು, ಇದು ಹೇಗಾಯಿತು ಎಂದು ಲೆಕ್ಕ ಹಾಕುವವರಂತೆ ಕುಳಿತರು. ಸಹ ಆಟಗಾರರು ಮೈಮೇಲೆ ಬಿದ್ದರೂ ಮುಖದ ಭಾವ ಬದಲಾಗಲಿಲ್ಲ. ವಿಶ್ವಕಪ್ ಇತಿಹಾಸದಲ್ಲಿ ಅಷ್ಟು ವಿಚಿತ್ರವಾದ, ಅಷ್ಟು ಪ್ರಾಮಾಣಿಕವಾದ ಸಂಭ್ರಮ ಇನ್ನೊಂದಿಲ್ಲ.

ಅದಾದ ಕೆಲವೇ ನಿಮಿಷಗಳಲ್ಲಿ ಬ್ಲಾಂ ಕೆಂಪು ಕಾರ್ಡ್ ಪಡೆದು ಹೊರನಡೆದರು. ಉಳಿದ ಹೊತ್ತನ್ನು ಹತ್ತೇ ಜನರೊಂದಿಗೆ ಕಾಪಾಡಿಕೊಳ್ಳಬೇಕಾಯಿತು. ತುರಾಮ್ ತಮ್ಮ ನಿತ್ಯದ ಕೆಲಸಕ್ಕೆ ಮರಳಿದರು. ಆ ಭಾಗವನ್ನು ಯಾರೂ ತೋರಿಸುವುದಿಲ್ಲ. ನನಗೆ ಗೋಲುಗಳಷ್ಟೇ ಇಷ್ಟ ಅದು.

ಫ್ರಾನ್ಸ್ ಪರ ಅವರು ಹೊಡೆದ ಒಟ್ಟು ಗೋಲುಗಳೆಷ್ಟು?

ಅವೇ ಎರಡು. ಅದಕ್ಕೆ ಮುಂಚೆಯೂ ಇಲ್ಲ, ಆಮೇಲಿನ ಹತ್ತು ವರ್ಷಗಳಲ್ಲೂ ಇಲ್ಲ.

ಆ ವಿಶ್ವಕಪ್‌ನಲ್ಲಿ ಅವರಿಗೆ ವೈಯಕ್ತಿಕ ಪ್ರಶಸ್ತಿ ಬಂದಿತ್ತೇ?

ಕಂಚಿನ ಚೆಂಡು, ಅಂದರೆ ಟೂರ್ನಿಯ ಮೂರನೇ ಅತ್ಯುತ್ತಮ ಆಟಗಾರನ ಗೌರವ. ಮೊದಲನೆಯದು ಬ್ರೆಜಿಲ್‌ನ ರೊನಾಲ್ಡೊಗೆ, ಎರಡನೆಯದು ಶುಕರ್‌ಗೆ ಸಂದಿತು. ಇಬ್ಬರೂ ಸ್ಟ್ರೈಕರ್‌ಗಳು. ಪ್ರಶಸ್ತಿಗಳು ಸಾಮಾನ್ಯವಾಗಿ ಗೋಲು ಹೊಡೆಯುವವರ ಕಡೆಗೇ ವಾಲುತ್ತವೆ. ಅವರ ನಡುವೆ ಒಬ್ಬ ರೈಟ್ ಬ್ಯಾಕ್ ನಿಂತದ್ದು ಸಣ್ಣ ಮಾತಲ್ಲ.

ಫ್ರಾನ್ಸ್‌ನ ಆ ನಾಲ್ವರ ರಕ್ಷಣಾ ಸಾಲನ್ನು ಇಷ್ಟೊಂದು ಹೊಗಳುವುದೇಕೆ?

ಬಲಕ್ಕೆ ತುರಾಮ್, ಮಧ್ಯೆ ಬ್ಲಾಂ ಮತ್ತು ದೆಸೈ, ಎಡಕ್ಕೆ ಬಿಕ್ಸೆಂಟೆ ಲಿಜರಾಜು, ಹಿಂದೆ ಗೋಲ್‌ಕೀಪರ್ ಫಾಬಿಯನ್ ಬಾರ್ತೆಜ್. ಈ ನಾಲ್ವರೂ ಒಟ್ಟಿಗೆ ಕಣಕ್ಕಿಳಿದ ಒಂದೇ ಒಂದು ಪಂದ್ಯವನ್ನೂ ಫ್ರಾನ್ಸ್ ಸೋಲಲಿಲ್ಲ. 1998ರ ವಿಶ್ವಕಪ್‌ನ ಏಳು ಪಂದ್ಯಗಳಲ್ಲಿ ಫ್ರಾನ್ಸ್ ಬಿಟ್ಟುಕೊಟ್ಟದ್ದು ಎರಡೇ ಗೋಲು. ಒಂದು ಡೆನ್ಮಾರ್ಕ್‌ನ ಪೆನಾಲ್ಟಿ, ಇನ್ನೊಂದು ಶುಕರ್ ಅವರದು. ಜಿದಾನ್ ಫೈನಲ್‌ನಲ್ಲಿ ತಲೆಯಿಂದ ಹೊಡೆದ ಎರಡು ಗೋಲುಗಳನ್ನು ಜಗತ್ತು ನೆನೆಯುತ್ತದೆ. ಆದರೆ ಅದೇ ಫೈನಲ್‌ನಲ್ಲಿ ಬ್ರೆಜಿಲ್‌ಗೆ ಒಂದು ಗೋಲನ್ನೂ ಹೊಡೆಯಲಾಗಲಿಲ್ಲ. ಪರಾಗ್ವೆ ವಿರುದ್ಧ 1–0, ಇಟಲಿ ವಿರುದ್ಧ 0–0 ಮಾಡಿ ಪೆನಾಲ್ಟಿಯಲ್ಲಿ ಗೆದ್ದು ಆ ಹಂತಕ್ಕೆ ಬಂದ ತಂಡ ಅದು. ಮುಂದಿನ ಸಾಲಿಗೆ ಗೋಲು ಬರಗಾಲ ಇದ್ದಾಗ ಹಿಂದಿನ ಸಾಲು ತಂಡವನ್ನು ಹೊತ್ತುಕೊಂಡು ಬಂದಿತ್ತು.

ಇಟಲಿಯ ವರ್ಷಗಳ ಬಗ್ಗೆ ಹೇಳಿ.

ಹತ್ತು ವರ್ಷ, ಅದೂ ರಕ್ಷಣೆಯನ್ನೇ ಕಲೆಯೆಂದು ಕಾಣುವ ದೇಶದಲ್ಲಿ. 1996ರಲ್ಲಿ ಪಾರ್ಮಾಗೆ ಹೋದಾಗ ಅಲ್ಲಿ ಹದಿಹರೆಯದ ಜಿಯಾನ್‌ಲುಯಿಜಿ ಬುಫನ್ ಗೋಲಿನಲ್ಲಿ, ಫಾಬಿಯೊ ಕನ್ನವಾರೊ ರಕ್ಷಣೆಯಲ್ಲಿ ಇದ್ದರು. ಕಾರ್ಲೊ ಆಂಚೆಲೊಟ್ಟಿ ಕೋಚ್. ಮೊದಲ ಋತುವಿನಲ್ಲೇ ತಂಡ ಲೀಗ್‌ನಲ್ಲಿ ಎರಡನೆಯದಾಯಿತು, ಚಾಂಪಿಯನ್ ಯುವೆಂಟಸ್‌ಗಿಂತ ಎರಡೇ ಅಂಕ ಹಿಂದೆ. 1999ರಲ್ಲಿ ಪಾರ್ಮಾ ಇಟಲಿಯ ಕಪ್ ಗೆದ್ದಿತು. ಮಾಸ್ಕೊದಲ್ಲಿ ನಡೆದ, ಯುರೋಪಿನ ಕ್ಲಬ್‌ಗಳ ಯುಇಎಫ್ಎ ಕಪ್ ಫೈನಲ್‌ನಲ್ಲಿ ಫ್ರಾನ್ಸ್‌ನ ಮಾರ್ಸೇ ತಂಡವನ್ನು 3–0ರಿಂದ ಸೋಲಿಸಿತು. ಆ ಪುಟ್ಟ ನಗರದ ಕ್ಲಬ್ ಒಂದೇ ಕಾಲಕ್ಕೆ ಬುಫನ್, ತುರಾಮ್, ಕನ್ನವಾರೊ ಮೂವರನ್ನೂ ಇಟ್ಟುಕೊಂಡಿತ್ತು ಎಂಬುದನ್ನು ಇಂದು ನಂಬುವುದೇ ಕಷ್ಟ.

2001ರ ಬೇಸಿಗೆಯಲ್ಲಿ ಯುವೆಂಟಸ್ ಜಿದಾನ್ ಅವರನ್ನು ರಿಯಲ್ ಮ್ಯಾಡ್ರಿಡ್‌ಗೆ ಮಾರಿ, ತುರಾಮ್ ಮತ್ತು ಬುಫನ್ ಇಬ್ಬರನ್ನೂ ಖರೀದಿಸಿತು. 2002 ಮತ್ತು 2003ರಲ್ಲಿ ಲೀಗ್ ಗೆದ್ದರು. 2003ರ ಚಾಂಪಿಯನ್ಸ್ ಲೀಗ್ ಫೈನಲ್‌ನಲ್ಲಿ ಮಿಲಾನ್ ಎದುರು ಗೋಲಿಲ್ಲದ ಪಂದ್ಯದ ನಂತರ ಪೆನಾಲ್ಟಿ ಶೂಟೌಟ್‌ನಲ್ಲಿ ಸೋತರು. ಅವರ ಸಂಗ್ರಹದಲ್ಲಿ ಕೊನೆಗೂ ಸೇರದೇ ಹೋದ ದೊಡ್ಡ ಕಪ್ ಅದೊಂದೇ.

ಯುವೆಂಟಸ್ ಗೆದ್ದ ಎರಡು ಪ್ರಶಸ್ತಿಗಳನ್ನು ಹಿಂಪಡೆದರಂತೆ, ಹೌದೇ?

ಹೌದು. 2005 ಮತ್ತು 2006ರಲ್ಲಿಯೂ ತಂಡ ಲೀಗ್‌ನಲ್ಲಿ ಮೊದಲಿತ್ತು. ರೆಫರಿಗಳ ನೇಮಕದ ಮೇಲೆ ಪ್ರಭಾವ ಬೀರಿದ ಹಗರಣ 2006ರಲ್ಲಿ ಬಯಲಾಗಿ, ಎರಡೂ ಪ್ರಶಸ್ತಿಗಳು ಕೈತಪ್ಪಿದವು, ಕ್ಲಬ್ಬನ್ನು ಎರಡನೇ ದರ್ಜೆಗೆ ಇಳಿಸಲಾಯಿತು. ತಪ್ಪು ಆಡಳಿತದವರದು, ಮೈದಾನದಲ್ಲಿ ಬೆವರು ಸುರಿಸಿದವರದಲ್ಲ. ಆದರೂ ದಾಖಲೆಯಲ್ಲಿ ಆ ಎರಡು ಸಾಲು ಖಾಲಿ. ತುರಾಮ್ ಅಲ್ಲಿಂದ ಬಾರ್ಸಿಲೋನಾಕ್ಕೆ ಹೋದರು. ಅಲ್ಲಿ ಎರಡು ಋತು ಕಳೆದರು, ಸ್ಪ್ಯಾನಿಷ್ ಸೂಪರ್ ಕಪ್ ಬಿಟ್ಟರೆ ಹೆಚ್ಚೇನೂ ದಕ್ಕಲಿಲ್ಲ.

2004ರಲ್ಲಿ ರಾಷ್ಟ್ರೀಯ ತಂಡಕ್ಕೆ ವಿದಾಯ ಹೇಳಿದ್ದವರು ಮತ್ತೆ ಬಂದದ್ದು ಹೇಗೆ?

2000ದ ಯುರೋ ಕಪ್ ಫೈನಲ್‌ನಲ್ಲಿ ಇಟಲಿಯನ್ನು ಮಣಿಸಿ ಫ್ರಾನ್ಸ್ ಶಿಖರದಲ್ಲಿತ್ತು. 2002ರ ವಿಶ್ವಕಪ್‌ನಲ್ಲಿ ಒಂದೂ ಗೋಲು ಹೊಡೆಯದೆ ಗುಂಪು ಹಂತದಲ್ಲೇ ಹೊರಬಿತ್ತು. 2004ರ ಯುರೋದಲ್ಲಿ ಗ್ರೀಸ್ ಎದುರು ಸೋತ ಮೇಲೆ ಹಿರಿಯರು ಒಬ್ಬೊಬ್ಬರಾಗಿ ಹಿಂದೆ ಸರಿದರು. ಮರು ವರ್ಷ ತಂಡ 2006ರ ವಿಶ್ವಕಪ್‌ಗೆ ಅರ್ಹತೆಯನ್ನೇ ಕಳೆದುಕೊಳ್ಳುವ ಸ್ಥಿತಿಗೆ ಬಂದಾಗ ಜಿದಾನ್, ತುರಾಮ್, ಕ್ಲೋದ್ ಮಕೆಲೆಲೆ ಮೂವರೂ ಮರಳಿದರು.

ಮುದುಕರ ತಂಡ ಎಂದು ಮೂಗುಮುರಿದವರಿಗೆ ಉತ್ತರ ಫೈನಲ್ ನಡೆದ ಬರ್ಲಿನ್‌ವರೆಗೂ ಸಿಕ್ಕಿತು. ಪೋರ್ಚುಗಲ್ ವಿರುದ್ಧದ ಸೆಮಿಫೈನಲ್‌ನಲ್ಲಿ ಪಂದ್ಯಶ್ರೇಷ್ಠರಾದವರು 34 ವರ್ಷದ ತುರಾಮ್. ಫೈನಲ್‌ನಲ್ಲಿ ಇಟಲಿ ಎದುರು 1–1 ಆಗಿ ಪೆನಾಲ್ಟಿಯಲ್ಲಿ ಸೋತರು. ಅಂದು ಇಟಲಿಯ ನಾಯಕನಾಗಿ ಕಪ್ ಎತ್ತಿದವರು ಕನ್ನವಾರೊ, ಗೋಲಿನಲ್ಲಿ ನಿಂತವರು ಬುಫನ್. ಪಾರ್ಮಾದಲ್ಲಿ, ಯುವೆಂಟಸ್‌ನಲ್ಲಿ ವರ್ಷಗಟ್ಟಲೆ ಭುಜಕ್ಕೆ ಭುಜ ಕೊಟ್ಟು ಆಡಿದ್ದ ಗೆಳೆಯರು.

142 ಪಂದ್ಯಗಳ ದಾಖಲೆ ಇನ್ನೂ ಉಳಿದಿದೆಯೇ?

ಇಲ್ಲ. ದೆಸೈ ಅವರ 116 ಪಂದ್ಯಗಳ ದಾಖಲೆಯನ್ನು ತುರಾಮ್ ದಾಟಿದ್ದು 2006ರ ವಿಶ್ವಕಪ್‌ನಲ್ಲಿ. ಅವರ 142ನ್ನು ಗೋಲ್‌ಕೀಪರ್ ಹ್ಯೂಗೊ ಲೊರಿಸ್ 2022ರ ವಿಶ್ವಕಪ್‌ನಲ್ಲಿ ಹಿಂದಿಕ್ಕಿದರು.

ಆಟ ನಿಲ್ಲಿಸಲು ಕಾರಣವೇನು?

ಹೃದಯ. 2008ರ ಬೇಸಿಗೆಯಲ್ಲಿ ಪ್ಯಾರಿಸ್ ಸೇಂಟ್ ಜರ್ಮೈನ್ ಸೇರುವ ಮಾತುಕತೆ ನಡೆದಿತ್ತು. ಕ್ಲಬ್ ಸೇರುವ ಮುನ್ನ ಮಾಡುವ ವೈದ್ಯಕೀಯ ತಪಾಸಣೆಯಲ್ಲಿ ಹೃದಯದ ರಚನೆಯಲ್ಲಿ ದೋಷ ಕಂಡುಬಂತು. ಆಗಸ್ಟ್ ಆರಂಭದಲ್ಲಿ ನಿವೃತ್ತಿ ಘೋಷಿಸಿದರು. ಹೀಗಾಗಿ ಜೂನ್ 13ರಂದು ಬರ್ನ್‌ನಲ್ಲಿ ನೆದರ್‌ಲ್ಯಾಂಡ್ಸ್ ಎದುರು 1–4ರಿಂದ ಸೋತ ಯುರೋ ಪಂದ್ಯವೇ ಫ್ರಾನ್ಸ್ ಪರ ಅವರ ಕೊನೆಯ ಆಟವಾಗಿ ಉಳಿಯಿತು. ಅಂಥ ಆಟಗಾರನಿಗೆ ಅಂಥ ವಿದಾಯ ಸಲ್ಲುವಂಥದ್ದಲ್ಲ, ನೆನೆದರೆ ಈಗಲೂ ಬೇಸರವಾಗುತ್ತದೆ.

ಅಲ್ಜೀರಿಯ ಪಂದ್ಯದ ಘಟನೆ ಏನು?

2001ರ ಅಕ್ಟೋಬರ್ 6. ಫ್ರಾನ್ಸ್‌ನ ಆಳ್ವಿಕೆಯಿಂದ 1962ರಲ್ಲಿ ಬಿಡುಗಡೆ ಪಡೆದ ಅಲ್ಜೀರಿಯ ಮೊದಲ ಬಾರಿಗೆ ಫ್ರಾನ್ಸ್ ಹಿರಿಯರ ತಂಡದ ಎದುರು ಸ್ತಾದ್ ದ ಫ್ರಾನ್ಸ್‌ನಲ್ಲಿ ಆಡುತ್ತಿತ್ತು. ಫ್ರೆಂಚ್ ರಾಷ್ಟ್ರಗೀತೆಗೆ ಸೀಟಿ, ಕೂಗು. ಫ್ರಾನ್ಸ್ 4–1 ಮುಂದಿದ್ದಾಗ ನೂರಾರು ಯುವಕರು ಮೈದಾನಕ್ಕೆ ನುಗ್ಗಿದರು, ಪಂದ್ಯ ನಿಂತುಹೋಯಿತು. ಉಳಿದ ಆಟಗಾರರು ಒಳಗೆ ಓಡುತ್ತಿದ್ದಾಗ ತುರಾಮ್ ಒಬ್ಬ ಹುಡುಗನನ್ನು ಹಿಡಿದು ನಿಲ್ಲಿಸಿ, ನೀನು ಮಾಡುತ್ತಿರುವುದು ಏನೆಂದು ನಿನಗೆ ಗೊತ್ತೇ ಎಂದು ಕೋಪದಿಂದ ಗದರಿಸಿದರು. ನಿನ್ನಂಥವರ ಮೇಲೆ ಮೊದಲೇ ಗೂಬೆ ಕೂರಿಸಲು ಕಾದಿರುವವರ ಕೈಗೆ ನೀನೇ ಆಯುಧ ಕೊಡುತ್ತಿದ್ದೀಯ ಎಂಬ ಸಂಕಟ ಅದು. ಹೊರಗಿನವನಾಗಿ ಉಪದೇಶಿಸಿದ ಮಾತಲ್ಲ; ಅಂಥದೇ ವಸತಿ ಸಮುಚ್ಚಯದಿಂದ ಬಂದ ಅಣ್ಣನೊಬ್ಬ ತಮ್ಮನನ್ನು ಬೈದಂತೆ ಇತ್ತು.

ಆಡುತ್ತಿದ್ದಾಗಲೇ ರಾಜಕಾರಣಿಗಳನ್ನು ಎದುರು ಹಾಕಿಕೊಂಡರೇ?

ಹೌದು, ಒಮ್ಮೆಯಲ್ಲ. 2005ರ ಅಕ್ಟೋಬರ್‌ನಲ್ಲಿ ಗೃಹ ಸಚಿವ ನಿಕೊಲಾ ಸರ್ಕೋಜಿ, ಬಡವರು ಮತ್ತು ವಲಸಿಗರು ಹೆಚ್ಚಾಗಿರುವ ಉಪನಗರಗಳ ಪುಂಡರನ್ನು ಹೊಲಸು ಮಂದಿ ಎಂಬ ಅರ್ಥದ ಪದದಿಂದ ಕರೆದರು. ಕೆಲವೇ ದಿನಗಳಲ್ಲಿ ಪ್ಯಾರಿಸ್ ಬಳಿಯ ಕ್ಲಿಶಿ-ಸೂ-ಬುವಾದಲ್ಲಿ ಇಬ್ಬರು ಹುಡುಗರು ಪೊಲೀಸರಿಗೆ ಹೆದರಿ ವಿದ್ಯುತ್ ಕೇಂದ್ರದಲ್ಲಿ ಅಡಗಲು ಹೋಗಿ ಸತ್ತರು, ಉಪನಗರಗಳು ಹೊತ್ತಿ ಉರಿದವು. ಆಗ ರಾಷ್ಟ್ರೀಯ ತಂಡ ಕೆರಿಬಿಯನ್‌ನ ಮಾರ್ಟಿನಿಕ್‌ನಲ್ಲಿತ್ತು. ಅಲ್ಲಿಂದ ತುರಾಮ್, ನಾನೂ ಅಂಥ ಉಪನಗರದಲ್ಲೇ ಬೆಳೆದವನು, ಆ ಹೆಸರು ನನಗೂ ತಾಗುತ್ತದೆ ಎಂದು ನೇರವಾಗಿ ಹೇಳಿದರು. ದುಡಿಯಲು ಬಯಸುವವರಿಗೆ ದುಡಿಮೆ ಇಲ್ಲದಿರುವುದನ್ನು ಮೊದಲು ನೋಡಿ ಎಂಬುದು ಅವರ ವಾದದ ಸಾರ.

2006ರಲ್ಲಿ ಬಲಪಂಥೀಯ ನಾಯಕ ಜಾನ್-ಮಾರಿ ಲೆ ಪೆನ್ ತಂಡದಲ್ಲಿ ಕಪ್ಪು ಆಟಗಾರರು ಹೆಚ್ಚಾದರು ಎಂದು ಗೊಣಗಿದಾಗ, ಕಪ್ಪಗಿರುವ ಫ್ರೆಂಚರೂ ಇದ್ದಾರೆ, ಹೊಂಗೂದಲಿನ ಫ್ರೆಂಚರೂ ಇದ್ದಾರೆ, ಅವರಿಗೆ ಬಹುಶಃ ಅದು ತಿಳಿದಿಲ್ಲ ಎಂದು ಸಮಾಧಾನದಿಂದಲೇ ಉತ್ತರಿಸಿದರು. ಅದೇ ವರ್ಷದ ಸೆಪ್ಟೆಂಬರ್‌ನಲ್ಲಿ ಪ್ಯಾರಿಸ್ ಬಳಿಯ ಕಾಶಾಂನ ಕಟ್ಟಡವೊಂದರಿಂದ ಪೊಲೀಸರು ಹೊರಹಾಕಿದ್ದ ವಲಸಿಗ ಕುಟುಂಬಗಳನ್ನು ತುರಾಮ್ ಮತ್ತು ಸಹ ಆಟಗಾರ ಪ್ಯಾಟ್ರಿಕ್ ವಿಯೆರಾ ಇಟಲಿ ವಿರುದ್ಧದ ಪಂದ್ಯ ನೋಡಲು ಕರೆದರು. ಆಟ ಮುಗಿಯಲಿ, ಆಮೇಲೆ ಮಾತಾಡೋಣ ಎಂದು ಅವರು ಕಾಯಲಿಲ್ಲ.

ಅವರ ಪ್ರತಿಷ್ಠಾನ ಏನು ಮಾಡುತ್ತದೆ?

2008ರಲ್ಲಿ ಸ್ಥಾಪಿಸಿದ ಈ ಪ್ರತಿಷ್ಠಾನದ ನೆಲೆಗಟ್ಟು ಒಂದೇ ಮಾತು: ಯಾರೂ ದ್ವೇಷ ಹೊತ್ತು ಹುಟ್ಟುವುದಿಲ್ಲ, ಕಲಿಯುತ್ತಾರೆ, ಕಲಿತದ್ದನ್ನು ಬಿಡಿಸಲೂ ಸಾಧ್ಯ. ಆದ್ದರಿಂದ ಕೆಲಸ ಹೆಚ್ಚಾಗಿ ಮಕ್ಕಳ ನಡುವೆ, ಶಾಲೆಗಳಲ್ಲಿ. ಶಾಲೆಯಲ್ಲಿ ಕಪ್ಪು ಜನರ ಇತಿಹಾಸವೆಂದು ತಾನು ಮೊದಲು ಕೇಳಿದ್ದು ಗುಲಾಮಗಿರಿಯ ಪಾಠವನ್ನು ಮಾತ್ರ ಎಂದು ತುರಾಮ್ ಹೇಳುತ್ತಾರೆ. ಆ ಕೊರತೆಯನ್ನು ತುಂಬಲೆಂದೇ 2010ರಲ್ಲಿ, ಆದಿಮಾನವಿ ಲೂಸಿಯಿಂದ ಬರಾಕ್ ಒಬಾಮವರೆಗಿನ ಕಪ್ಪು ಸಾಧಕರ ಚಿತ್ರಣಗಳ ಪುಸ್ತಕ ಹೊರತಂದರು.

ನನ್ನ ಮಟ್ಟಿಗೆ ಅವರ ಎಲ್ಲ ಕೆಲಸಗಳಲ್ಲಿ ಮಿಗಿಲಾದದ್ದು 2011ರ ಕೊನೆಯಲ್ಲಿ ಪ್ಯಾರಿಸ್‌ನ ಕೇ ಬ್ರಾನ್ಲಿ ಸಂಗ್ರಹಾಲಯದಲ್ಲಿ ತೆರೆದ ಪ್ರದರ್ಶನ. ವಸಾಹತು ಕಾಲದಲ್ಲಿ ದೂರದೇಶದ ಮನುಷ್ಯರನ್ನೇ ತಂದು ಬೇಲಿಯೊಳಗೆ ನಿಲ್ಲಿಸಿ ಟಿಕೆಟ್ ಇಟ್ಟು ತೋರಿಸುತ್ತಿದ್ದ ಚರಿತ್ರೆಯನ್ನು ಅದು ಬಿಚ್ಚಿಟ್ಟಿತು. ತುರಾಮ್ ಅದರ ಮುಖ್ಯ ಕ್ಯುರೇಟರ್. 1931ರಲ್ಲಿ ನ್ಯೂ ಕ್ಯಾಲಿಡೋನಿಯಾದ ಕನಾಕ್ ಜನರನ್ನು ನರಭಕ್ಷಕರೆಂಬ ಹಣೆಪಟ್ಟಿ ಹಚ್ಚಿ ಪ್ಯಾರಿಸ್‌ನಲ್ಲಿ ಪ್ರದರ್ಶನಕ್ಕಿಡಲಾಗಿತ್ತು. ಅವರಲ್ಲಿ ಒಬ್ಬರು ಕ್ರಿಶ್ಚಿಯನ್ ಕರೆಂಬ್ಯೂ ಅವರ ಮುತ್ತಜ್ಜ. ಕರೆಂಬ್ಯೂ ಎಂದರೆ 1998ರಲ್ಲಿ ತುರಾಮ್ ಜೊತೆ ನಿಂತು ಫ್ರಾನ್ಸ್‌ಗೆ ಕಪ್ ತಂದುಕೊಟ್ಟ ಆಟಗಾರ. ಮುತ್ತಜ್ಜನನ್ನು ಬೇಲಿಯೊಳಗೆ ನೋಡಿದ ನಗರ ಮರಿಮಗನನ್ನು ಹೆಗಲ ಮೇಲೆ ಹೊತ್ತು ಮೆರೆಸಿತು. ನಡುವಿನ ಅಂತರ ಒಂದು ಮನುಷ್ಯಾಯುಷ್ಯಕ್ಕಿಂತ ಕಡಿಮೆ.

ಅವರನ್ನು ಟೀಕಿಸಿದವರಿಲ್ಲವೇ?

ಇದ್ದಾರೆ. 2019ರಲ್ಲಿ ಇಟಲಿಯ ಕ್ಯಾಲ್ಯಾರಿಯಲ್ಲಿ ಬೆಲ್ಜಿಯಂನ ಕಪ್ಪು ಆಟಗಾರ ರೊಮೆಲು ಲುಕಾಕು ಅವರನ್ನು ಪ್ರೇಕ್ಷಕರು ಕೋತಿಯಂತೆ ಕೂಗಿ ಅವಮಾನಿಸಿದಾಗ, ತುರಾಮ್ ಇಟಲಿಯ ಕ್ರೀಡಾ ಪತ್ರಿಕೆಯೊಂದಕ್ಕೆ ಕೊಟ್ಟ ಸಂದರ್ಶನದಲ್ಲಿ ಬಿಳಿಯರಲ್ಲಿ ತಾವು ಮೇಲು ಎಂಬ ಭಾವ ಇದೆ ಎಂದರು. ಎಲ್ಲ ಬಿಳಿಯರನ್ನೂ ಒಂದೇ ತಕ್ಕಡಿಯಲ್ಲಿ ತೂಗಿದರು ಎಂದು ಫ್ರಾನ್ಸ್‌ನಲ್ಲಿ ಗದ್ದಲವೆದ್ದಿತು. ತಾನು ಹೇಳಿದ್ದು ಶತಮಾನಗಳಿಂದ ಬೇರೂರಿದ ಯೋಚನಾಕ್ರಮದ ಬಗ್ಗೆ, ಒಬ್ಬೊಬ್ಬ ವ್ಯಕ್ತಿಯ ಬಗ್ಗೆ ಅಲ್ಲ ಎಂದು ವಿವರಿಸಿದರು. ಮರು ವರ್ಷ ಅದೇ ವಿಷಯದ ಮೇಲೆ ಪುಸ್ತಕವನ್ನೂ ಬರೆದರು. ಮಾತು ಬಿಗಿಯಾಗಿತ್ತು, ಪದಗಳನ್ನು ಇನ್ನಷ್ಟು ಬಿಡಿಸಿ ಹೇಳಬಹುದಿತ್ತು. ಆದರೆ ಕೂಗಿದವರಿಗಿಂತ ಅದನ್ನು ಪ್ರಶ್ನಿಸಿದವರ ಮೇಲೆ ಹೆಚ್ಚು ಚರ್ಚೆ ನಡೆದದ್ದು ಸರಿಯಲ್ಲ.

ಮಕ್ಕಳು?

ಇಬ್ಬರೂ ಹುಟ್ಟಿದ್ದು ಇಟಲಿಯಲ್ಲಿ, ಇಬ್ಬರೂ ಫ್ರಾನ್ಸ್ ಪರ ಆಡಿದವರು. 1997ರಲ್ಲಿ ಪಾರ್ಮಾದಲ್ಲಿ ಹುಟ್ಟಿದ ಮಾರ್ಕಸ್‌ಗೆ ಜಮೈಕಾದ ಹೋರಾಟಗಾರ ಮಾರ್ಕಸ್ ಗಾರ್ವಿಯ ಹೆಸರು. 2001ರಲ್ಲಿ ಹುಟ್ಟಿದ ಕೆಫ್ರೆನ್‌ಗೆ ಈಜಿಪ್ಟ್‌ನ ಪ್ರಾಚೀನ ದೊರೆಯ ಹೆಸರು. ಮಾರ್ಕಸ್ ಸ್ಟ್ರೈಕರ್, 2022ರ ವಿಶ್ವಕಪ್ ಫೈನಲ್‌ನಲ್ಲಿ ಬದಲಿಯಾಗಿ ಬಂದು ಆಡಿದರು, ಇಂಟರ್ ಕ್ಲಬ್ ಜೊತೆ ಇಟಲಿಯ ಲೀಗ್ ಗೆದ್ದರು. ಮಿಡ್‌ಫೀಲ್ಡರ್ ಕೆಫ್ರೆನ್ 2024ರಲ್ಲಿ ತಂದೆಯ ಹಳೆಯ ಕ್ಲಬ್ ಯುವೆಂಟಸ್ ಸೇರಿದರು. ಡಿಫೆಂಡರ್ ಮಾತ್ರ ಇಬ್ಬರಲ್ಲಿ ಯಾರೂ ಆಗಲಿಲ್ಲ.

ಅವರ ಆಟವನ್ನು ಇಂದು ನೋಡಬೇಕೆಂದರೆ ಯಾವ ಪಂದ್ಯದಿಂದ ಶುರು ಮಾಡಬೇಕು?

ಎಲ್ಲರೂ ಕ್ರೊವೇಶಿಯಾ ಪಂದ್ಯವನ್ನು ಹೇಳುತ್ತಾರೆ. ಅದನ್ನು ನೋಡಿ, ಆದರೆ ಎರಡನೆಯದಾಗಿ. ಮೊದಲು 2006ರ ಜುಲೈ 5ರಂದು ಮ್ಯೂನಿಕ್‌ನಲ್ಲಿ ನಡೆದ ಪೋರ್ಚುಗಲ್ ವಿರುದ್ಧದ ಸೆಮಿಫೈನಲ್ ಹಾಕಿಕೊಳ್ಳಿ. ಮೊದಲಾರ್ಧದಲ್ಲಿ ಜಿದಾನ್ ಪೆನಾಲ್ಟಿ ಹೊಡೆಯುತ್ತಾರೆ, ಅಲ್ಲಿಂದ ಕೊನೆಯವರೆಗೆ ಪೋರ್ಚುಗಲ್‌ನ ಫಿಗೊ, ಕ್ರಿಸ್ಟಿಯಾನೊ ರೊನಾಲ್ಡೊ ಸಮಬಲಕ್ಕಾಗಿ ಹೋರಾಡುತ್ತಾರೆ. ಹದಿನೈದನೇ ಸಂಖ್ಯೆಯ ಅಂಗಿಯ ಮೇಲೆ ಮಾತ್ರ ಕಣ್ಣಿಡಿ. ಚೆಂಡು ಎಲ್ಲಿಗೆ ಬಂದು ಬೀಳುತ್ತದೋ ಅಲ್ಲಿ ಅವರು ಎಷ್ಟು ಮೊದಲೇ ಬಂದು ನಿಂತಿರುತ್ತಾರೆ ಎಂಬುದನ್ನು ಗಮನಿಸಿ.